ಕಾಡಿನ ಪರದೆಯೊಳಗಿನಾಕೆ

ಮೇಲವಂಕಿಯ ಕೆಂಪವ್ವನಿಗೆ ಗಂಡನ ಮೇಲೆ ಒಂದೇ ಒಂದು ಸಿಟ್ಟಿತ್ತು. ಸಣ್ಣಪುಟ್ಟ ಸಿಟ್ಟುಗಳ ಮಾತು ಬೇರೆ, ಅವು ಬೆಳಿಗ್ಗೆ ಹುಟ್ಟಿ ಸಂಜೆ ರೊಟ್ಟಿ ಬಡಿಯುವ ಹೊತ್ತಿಗೆ ತಾವೇ ಸತ್ತು ಹೋಗುತ್ತಿದ್ದವು. ಈ ಸಿಟ್ಟು ಮಾತ್ರ ಸಾಯಲಿಲ್ಲ. ಮಗಳು ಆಮ್ರಪಾಲಿ ಹುಟ್ಟುವುದಕ್ಕಿಂತ ಮೊದಲೇ ಹುಟ್ಟಿದ್ದು, ಆ ಮಗಳು ಓದಿ ಹುಕ್ಕೇರಿಯ ಹೈಸ್ಕೂಲಿನಲ್ಲಿ ಡ್ರಾಯಿಂಗ್ ಟೀಚರಾಗಿ ಪಗಾರ ತರತೊಡಗಿದ ಮೇಲೂ ಗಟ್ಟಿಮುಟ್ಟಾಗಿಯೇ ಇತ್ತು. ಗಂಡ ಉದ್ದಪ್ಪ ನಾಟಕದ ಪರದೆ ಬರೆಯುವವನು. ಅವನು ಬರೆದ ಕಾಡಿನ ಪರದೆಯೊಳಗೆ ಒಬ್ಬ ಹೆಂಗಸು ಅಡಗಿದ್ದಳು. ಊರೂರಿನ ಮಂದಿ ಆಕೆಯನ್ನು ಕಂಡಿದ್ದರು. ಕೆಂಪವ್ವ ಮಾತ್ರ ಕಂಡಿರಲಿಲ್ಲ, ಆಕೆ ಯಾರೆಂದು ಗೊತ್ತೂ ಇರಲಿಲ್ಲ.

ಗಂಡನನ್ನೇ ಕೇಳಿದರಾಗುತ್ತಿತ್ತು ಎಂದು ನೀವೆನ್ನಬಹುದು. ಕೇಳುವ ಜಾಯಮಾನದ ಹೆಂಗಸೇ ಅಲ್ಲ ಕೆಂಪವ್ವ. ಕೇಳಿದರೆ ಹೊಟ್ಟೆಕಿಚ್ಚು ಅನ್ನುತ್ತಾನೆ, ಕೇಳದಿದ್ದರೆ ತನ್ನ ಮರ್ಯಾದೆ ತನ್ನ ಕೈಯಲ್ಲಿರುತ್ತದೆ, ಇದು ಆಕೆಯ ಲೆಕ್ಕ. ಹೀಗೆ ಮರ್ಯಾದೆ ಉಳಿಸಿಕೊಂಡು ಸುಖವಾಗಿದ್ದವರನ್ನು ನಾನಂತೂ ನೋಡಿಲ್ಲ.

ಆಕೆ ಮದುವೆಯಾಗಿ ಬಂದಾಗ ಉದ್ದಪ್ಪ ಮೂಡಲಗಿಯ ತವನಪ್ಪ ಸಾವುಕಾರರ ಹತ್ತಿರ ಕೆಲಸಕ್ಕಿದ್ದ. ತವನಪ್ಪನವರದು ಅರಿವೆ ಅಂಗಡಿ. ಜೈನರ ಮನೆತನ, ಮಾತು ಅರ್ಧ ಕನ್ನಡ ಅರ್ಧ ಮರಾಠಿ, ತಲೆಯ ತುಂಬ ನಾಟಕದ ಹುಚ್ಚು. ಅಂಗಡಿಯ ಹಿಂದಿನ ಗೋದಾಮಿನಲ್ಲಿ ಬಣ್ಣದ ಪರದೆಗಳನ್ನು ಸುತ್ತಿಟ್ಟು, ನಾಟಕ ಆಡುವ ಹಳ್ಳಿಗಳಿಗೆ ಬಾಡಿಗೆಗೆ ಕೊಡುತ್ತಿದ್ದರು. ಅರಮನೆ, ಬೀದಿ, ತೋಟ, ಜೈಲು, ಏನು ಬೇಕೋ ಅದು ಸಿಗುತ್ತಿತ್ತು. ಎಲ್ಲ ಬರೆದವನು ಉದ್ದಪ್ಪ. ಅವನ ಬೀದಿಯ ಪರದೆ ಎಷ್ಟು ಚೆನ್ನಾಗಿತ್ತೆಂದರೆ, ರಸ್ತೆ ಒಳಗೊಳಗೆ ಹೋಗುತ್ತಲೇ ಇರುತ್ತಿತ್ತು, ಎರಡೂ ಬದಿಯ ಮನೆಗಳು ಸಣ್ಣವಾಗುತ್ತ ದೂರದಲ್ಲಿ ಒಂದಾಗುತ್ತಿದ್ದವು. ಕಲ್ಲೋಳಿಯಲ್ಲಿ ಒಂದು ನಾಯಿ ವೇದಿಕೆ ಹತ್ತಿ ಆ ಬೀದಿಯಲ್ಲಿ ಓಡಿಹೋಗಲು ನೋಡಿ, ಬಟ್ಟೆಗೆ ಮೂಗು ಬಡಿಸಿಕೊಂಡು ಕುಂಯ್ಗುಟ್ಟಿತಂತೆ. ಇದನ್ನು ಉದ್ದಪ್ಪ ತನಗೆ ಸಿಕ್ಕ ಬಹುಮಾನವೆಂದೇ ಹೇಳಿಕೊಳ್ಳುತ್ತಿದ್ದ.

ಹೊಸ ಸೊಸೆ ಕೆಂಪವ್ವನ ಪಾಲಿಗೆ ಬಂದದ್ದು ಸೂಜಿ ಮತ್ತು ಒಲೆ. ಮಾದರಪಾಟ ಬಟ್ಟೆಯ ಪಟ್ಟಿಗಳನ್ನು ಒಂದಕ್ಕೊಂದು ಹೊಲಿದು ಗೋಡೆಯಷ್ಟು ಅಗಲ ಮಾಡಬೇಕು, ಬಣ್ಣಕ್ಕೆ ಬೆರೆಸುವ ಅಂಟು ಕುದಿಸಬೇಕು. ಸುಗ್ಗಿ ಮುಗಿದು ಕಣ ಖಾಲಿಯಾದ ಮೇಲೆ ಬಟ್ಟೆಯನ್ನು ಅಲ್ಲಿ ಹಾಸುತ್ತಿದ್ದರು. ಉದ್ದಪ್ಪ ಬರಿಗಾಲಲ್ಲಿ ಬಟ್ಟೆಯ ಮೇಲೆಯೇ ಓಡಾಡುತ್ತ, ಬಿದಿರಿಗೆ ಕಟ್ಟಿದ ಕುಂಚದಿಂದ ನಿಂತೇ ಬರೆಯುತ್ತಿದ್ದ. ಹತ್ತಿರ ನಿಂತು ನೋಡಿದರೆ ಏನೂ ತಿಳಿಯುತ್ತಿರಲಿಲ್ಲ. ಇಲ್ಲೊಂದು ಕಪ್ಪು ಕಲೆ, ಅಲ್ಲೊಂದು ಹಸಿರು ರಾಡಿ, ನಡುವೆ ಕೆಂಪು ಚೆಲ್ಲಿದ ಹಾಗೆ. ನಡುನಡುವೆ ಅವನು ಕಣದ ಪಕ್ಕದ ಹುಣಸೆಮರ ಹತ್ತಿ ಮೇಲಿನಿಂದ ನೋಡಿ ಬರುತ್ತಿದ್ದ.

"ನೀನೂ ಬಾ, ಗಿಡದ ಮ್ಯಾಲಿಂದ ನೋಡು. ಚಿತ್ರ ಅಲ್ಲಿಂದ ಕಾಣತೈತಿ" ಎಂದು ಒಮ್ಮೆ ಕರೆದಿದ್ದ.

"ಸೀರಿ ಉಟ್ಟಾಕಿ ಗಿಡಾ ಏರಿದ್ರ ಊರ ಮಂದಿ ಏನಂದಾರು? ಅಂಟ ಹೊತ್ತಾಕತ್ತೈತಿ, ನೀವ ನೋಡ್ರಿ" ಎಂದು ಕೆಂಪವ್ವ ಒಲೆಯ ಕಡೆ ನಡೆದಿದ್ದಳು. ದೂರದ ಬೆಟ್ಟ ನುಣ್ಣಗೆ ಅನ್ನುತ್ತಾರೆ. ಆಕೆಯ ಬಾಳಿನಲ್ಲಿ ಬೆಟ್ಟ ಯಾವಾಗಲೂ ಕಾಲ ಕೆಳಗೇ ಇತ್ತು.

ಹಗ್ಗ ಆಕೆಯ ಕೈಗೆ ಬಂದದ್ದು ಗೋಕಾಕದಲ್ಲಿ. ಅಲ್ಲಿಯವರೆಗೆ ಪರದೆ ಏರಿಸಿ ಇಳಿಸುವ ಕೆಲಸ ಅಲ್ಲಪ್ಪನದು. ಅಲ್ಲಪ್ಪ ಒಳ್ಳೆಯ ಮನುಷ್ಯನೇ, ಆದರೆ ಕುಡಿದರೆ ಕುಂಭಕರ್ಣ. ಆ ದಿನ ನಾಟಕದಲ್ಲಿ ರಾಜ ಸತ್ತು ಬಿದ್ದ. ಪರದೆ ಇಳಿಯಬೇಕು, ಇಳಿಯಲಿಲ್ಲ. ಪೇಟಿ ಮಾಸ್ತರ ಅದೇ ರಾಗವನ್ನು ಎಳೆದ, ಮತ್ತೆ ಎಳೆದ. ರಾಜ ಉಸಿರು ಬಿಗಿಹಿಡಿದು ಮಲಗಿದ್ದ. ಅಷ್ಟರಲ್ಲಿ ಅವನ ಮೀನಖಂಡಕ್ಕೆ ಸೊಳ್ಳೆ ಕಚ್ಚಿತು. ಸತ್ತ ರಾಜ ಮೆಲ್ಲಗೆ ಒಂದು ಕಾಲಿನಿಂದ ಇನ್ನೊಂದು ಕಾಲು ಕೆರೆದುಕೊಂಡ. ಜನ ಬಿದ್ದು ಬಿದ್ದು ನಕ್ಕರು. ಒಳಗೆ ಅಲ್ಲಪ್ಪ ಹಗ್ಗದ ಬುಡದಲ್ಲಿ ಗೊರಕೆ ಹೊಡೆಯುತ್ತಿದ್ದ. ಮೂಲೆಯಲ್ಲಿ ಕುಳಿತಿದ್ದ ಕೆಂಪವ್ವ ಎದ್ದವಳೇ ಅವನನ್ನು ದಾಟಿ ಹೋಗಿ ಹಗ್ಗ ಬಿಟ್ಟಳು. ಮುಂದಿನ ದೃಶ್ಯಕ್ಕೆ ಮೇಲೆತ್ತಿದವಳೂ ಆಕೆಯೇ.

ಪರದೆಯ ಕೆಳಗೆ ದಪ್ಪ ಬಿದಿರು ಇರುತ್ತದೆ. ಹಗ್ಗ ಎಳೆದರೆ ಆ ಬಿದಿರು ಉರುಳುತ್ತ, ಬಟ್ಟೆ ಸುತ್ತಿಕೊಳ್ಳುತ್ತ ಮೇಲೇರುತ್ತದೆ. ಗಂಡಸರಿಗೇ ಭಾರ. ಕೆಂಪವ್ವ ಕುಳ್ಳಿ, ಮೇಲಾಗಿ ಎಡಗೈಯವಳು. ಎಡಗೈ ಮೇಲೆ, ಬಲಗೈ ಕೆಳಗೆ ಹಿಡಿದು, ಒಂದು ಹಿಮ್ಮಡ ಎತ್ತಿ ತುದಿಗಾಲಲ್ಲಿ ನಿಂತು ಮೈಯೆಲ್ಲ ಹಾಕಿ ಎಳೆದಳು. ಅಷ್ಟೊತ್ತಿಗೆ ಜನರ ಹಿಂದಿನಿಂದ ಓಡಿಬಂದ ಉದ್ದಪ್ಪ, ಅಲ್ಲಪ್ಪನನ್ನು ಬೈಯಲು ಬಾಯಿ ತೆರೆದವನು, ಹಗ್ಗ ಹಿಡಿದ ಹೆಂಡತಿಯನ್ನು ನೋಡುತ್ತ ಹಾಗೇ ನಿಂತ. ಆಮೇಲೆ ಹೊರಟುಹೋದ. ಭಲೆ ಅನ್ನಲಿಲ್ಲ, ಯಾಕೆ ಮುಟ್ಟಿದಿ ಅಂತಲೂ ಅನ್ನಲಿಲ್ಲ. ಕೆಂಪವ್ವನಿಗೆ ಅದೂ ನೋವಾಯಿತು.

ಅಂದಿನಿಂದ ಹಗ್ಗ ಆಕೆಯದೇ. ಮುಂದಿನ ಸುಗ್ಗಿಯ ನಂತರ ಉದ್ದಪ್ಪ ಕಾಡಿನ ಪರದೆ ಬರೆದ. ಮೊದಲಿದ್ದ ಕಾಡಿನ ಪರದೆ ಚೆನ್ನಾಗಿಯೇ ಇತ್ತು, ಇನ್ನೊಂದು ಯಾಕೆ ಎಂದು ತವನಪ್ಪನವರೂ ಕೇಳಿದರಂತೆ. ದೊಡ್ಡ ಆಲದ ಮರ, ಜೋತುಬಿದ್ದ ಬಿಳಲುಗಳು, ಎಲೆಗಳ ನಡುವೆ ಸಂಜೆಯ ಕೆಂಪು, ಕೆಳಗೆ ಫಳಫಳ ಹೊಳೆಯುವ ಹಳ್ಳ, ನೀರು ಕುಡಿಯುವ ಎರಡು ಜಿಂಕೆ. ಅದು ಮೊದಲ ಸಲ ವೇದಿಕೆ ಏರಿದ ದಿನ ಅವನು ಕೆಂಪವ್ವನಿಗೆ ಒಂದು ಮಾತು ಹೇಳಿದ: "ಈ ಪಡದಾ ಏರಸೂ ಮುಂದ ಅರ್ಧಕ್ಕ ಒಂದು ಉಸಿರು ನಿಂದರಸು. ಆಮ್ಯಾಲೆ ಎಳಿ."

ಬಿದಿರು ಸರಿಯಾಗಿ ಕೂರಲಿ ಅಂತ ಇರಬೇಕು ಎಂದುಕೊಂಡು ಕೆಂಪವ್ವ ನಿಲ್ಲಿಸಿದಳು. ಒಂದು ಉಸಿರು. ಮುಂದೆ ಕುಳಿತ ಜನರಿಂದ 'ಹೋ' ಎಂಬ ಸದ್ದು ಎದ್ದಿತು, ಚಪ್ಪಾಳೆ ಬಿತ್ತು. ಬರೀ ಅರ್ಧ ಪರದೆಗೆ ಇಷ್ಟೇಕೆ ಚಪ್ಪಾಳೆ ಎಂದು ಆಕೆಗೆ ತಿಳಿಯಲಿಲ್ಲ. ತಿಳಿದದ್ದು ಮರುದಿನ, ಗೋಕಾಕದ ಬಸ್ ಸ್ಟ್ಯಾಂಡಿನ ಹತ್ತಿರ ಚಹಾ ಕುಡಿಯುವಾಗ. ಪಕ್ಕದ ಬಾಕಿನ ಮೇಲೆ ಇಬ್ಬರು ಹಿರಿಯರು ಮಾತಾಡುತ್ತಿದ್ದರು.

"ಕಾಡಿನ ಪಡದಾದಾಗ ಒಬ್ಬಾಕಿ ಹೆಣ್ಣಮಗಳು ಅದಾಳ, ನೋಡಿದ್ಯೋ ಇಲ್ಲೋ? ಪಡದಾ ಪೂರಾ ಇಳದಾಗ ಬರೀ ಗಿಡ. ಅರ್ಧ ಏರಿ ನಿಂತಾಗ ಅಷ್ಟ ಕಾಣತಾಳ."

"ನೋಡಿದ್ನಿ, ನೋಡಿದ್ನಿ. ಮಾರಿ ಕಾಣಂಗಿಲ್ಲ, ಬೆನ್ನ ಮಾಡಿ ಕೈ ಎತ್ತಿ ನಿಂತಾಳ. ಕಾಶೆವ್ವನ್ನ ಬರದಿರಬೇಕು."

ಕಾಶೆವ್ವ ಹುಕ್ಕೇರಿಯ ನಟಿ. ಎತ್ತರದ ಆಳು, ಕೈ ಎತ್ತಿ ಒಂದು ಸುತ್ತು ತಿರುಗಿದಳೆಂದರೆ ಹಿಂದಿನ ಸಾಲಿನವರೂ ಎದ್ದು ನಿಲ್ಲುತ್ತಿದ್ದರು. ಉದ್ದಪ್ಪನನ್ನು ಬಾಯಿ ತುಂಬ ಅಣ್ಣಾ ಎಂದು ಕರೆಯುತ್ತಿದ್ದಳು, ಕೆಂಪವ್ವನಿಗೆ ಬಳೆ ತಂದುಕೊಟ್ಟಿದ್ದಳು. ಕೆಂಪವ್ವ ಚಹಾ ಅರ್ಧಕ್ಕೇ ಬಿಟ್ಟು ಎದ್ದಳು. ಆ ಬಳೆಗಳನ್ನು ಕೆಂಪವ್ವ ಮತ್ತೆ ತೊಡಲಿಲ್ಲ.

ನೋಡಿಯೇ ಬಿಡೋಣವೆಂದರೆ ಹೇಗೆ ನೋಡುವುದು? ಕಣದ ಮೇಲೆ ಹಾಸಿದಾಗ ಬರೀ ಕಲೆ. ಪೂರ್ತಿ ಇಳಿದಾಗ ಬರೀ ಕಾಡು. ಅರ್ಧ ಏರಿ ನಿಂತಾಗ ಮಾತ್ರ ಆಕೆ ಹೊರಬರುತ್ತಾಳೆ, ಅದೂ ಜನರ ಕಡೆಗೆ. ಆ ಹೊತ್ತಿನಲ್ಲಿ ಕೆಂಪವ್ವ ಪಕ್ಕದ ಕತ್ತಲಲ್ಲಿ ಹಗ್ಗಕ್ಕೆ ಜೋತುಬಿದ್ದಿರುತ್ತಾಳೆ. ಹಗ್ಗ ಬಿಟ್ಟು ಮುಂದೆ ಓಡಿದರೆ ಪರದೆ ಬಿದ್ದೇ ಹೋಗುತ್ತದೆ, ಆಕೆ ಮತ್ತೆ ಕಾಡಿನಲ್ಲಿ ಮಾಯ. ಬೇರೆಯವರ ಕೈಗೆ ಹಗ್ಗ ಕೊಡೋಣವೆಂದರೆ ಯಾಕೆ ಎಂದು ಕೇಳುತ್ತಾರೆ. ದೀಪದ ಬುಡದಲ್ಲಿ ಕತ್ತಲೆ ಎಂಬ ಮಾತನ್ನು ಯಾರೋ ಕೆಂಪವ್ವನನ್ನು ನೋಡಿಯೇ ಮಾಡಿರಬೇಕು. 'ನನ್ನ ಕೈಯಿಂದಲೇ ಅವಳನ್ನು ಊರಿಗೆಲ್ಲ ತೋರಿಸುತ್ತಾನೆ' ಎಂಬುದು ಆಕೆಯ ಎದೆಯಲ್ಲಿ ಮುಳ್ಳಾಗಿ ಕುಳಿತಿತು. ಮನೆಯಲ್ಲಿ ಜಗಳವಾದ ದಿನ ಆಕೆ ಅರ್ಧಕ್ಕೆ ನಿಲ್ಲಿಸುತ್ತಲೇ ಇರಲಿಲ್ಲ. ಒಂದೇ ಎಳೆತಕ್ಕೆ ಪರದೆಯನ್ನು ಮೇಲೆ ಒಯ್ಯುತ್ತಿದ್ದಳು. ಆ ದಿನಗಳಲ್ಲಿ ಉದ್ದಪ್ಪ ಊಟದ ಹೊತ್ತಿಗೆ ಮುಖ ಸಣ್ಣದು ಮಾಡಿಕೊಂಡು ಬಂದು, ಏನೂ ಕೇಳದೆ ಉಂಡು ಮಲಗುತ್ತಿದ್ದ. ಕೆಂಪವ್ವನಿಗೆ ಅದು ಹಬ್ಬದ ಹೋಳಿಗೆಯಷ್ಟು ರುಚಿ.

ಎಂಥ ದಿನಗಳು ಅವು! ಈಗ ನೆನೆದರೆ ಆ ಸಿಟ್ಟೂ ಸಿಹಿ ಅನ್ನಿಸುತ್ತದೆ. ಟೆಂಪೋದಲ್ಲಿ ಸುತ್ತಿದ ಪರದೆಗಳ ಮೇಲೆ ಕುಳಿತು ಊರಿಂದೂರಿಗೆ ಹೋಗುವುದು, ಹೋದ ಊರಲ್ಲಿ ಯಾರದೋ ಮನೆಯ ಬಿಸಿ ರೊಟ್ಟಿ, ಪುಂಡಿಪಲ್ಯ, ಸುತ್ತಿದ ಬಟ್ಟೆಯಿಂದ ಏಳುವ ಅಂಟಿನ ವಾಸನೆ. ಆಮ್ರಪಾಲಿ ಕೂಸಾಗಿದ್ದಾಗ ಹಗ್ಗದ ಬಾಜೂಕ್ಕೆ ಕೌದಿಯಲ್ಲಿ ಮಲಗಿಸಿ ಪರದೆ ಎಳೆದದ್ದುಂಟು. ಆಮೇಲೆ ಮನೆಮನೆಗೆ ಟಿವಿ ಬಂತು, ನಾಟಕ ಕಡಿಮೆಯಾಯಿತು. ಉದ್ದಪ್ಪ ಅಂಗಡಿಗಳ ಬೋರ್ಡು ಬರೆದ, ಸಾಲಿ ಗೋಡೆಯ ಮೇಲೆ ನಕಾಶೆ ಬರೆದ. ಫ್ಲೆಕ್ಸ್ ಬಂದ ಮೇಲೆ ಅದೂ ನಿಂತಿತು. ತವನಪ್ಪನವರು ತೀರಿಕೊಂಡರು, ಕಾಶೆವ್ವನೂ ಹೋದಳು. ಕಾಡಿನ ಪರದೆ ಮೂಡಲಗಿಯ ಗೋದಾಮಿನಲ್ಲಿ ಸುತ್ತಿಕೊಂಡು ಮಲಗಿತು. ಕಡೆಗೆ ಉದ್ದಪ್ಪನ ಕಣ್ಣಿನ ನರಗಳು ಒಣಗಿವೆ ಎಂದು ಡಾಕ್ಟರು ಹೇಳಿದರು. ಈಗ ಅವನಿಗೆ ಬೆಳಕು ಯಾವುದು ನೆರಳು ಯಾವುದು ಎಂಬಷ್ಟು ಮಾತ್ರ ತಿಳಿಯುತ್ತದೆ. ಕಟ್ಟೆಯ ಮೇಲೆ ಕುಳಿತು ನೆಲದ ಮೇಲೆ ಬೆರಳಾಡಿಸುತ್ತಿರುತ್ತಾನೆ.

ಮೊನ್ನೆ ರಜೆಗೆ ಬಂದ ಆಮ್ರಪಾಲಿ ಒಂದು ದೊಡ್ಡ ಚಿತ್ರವನ್ನು ಸುತ್ತಿಕೊಂಡು ಬಂದಿದ್ದಳು. ತರಗತಿಯಲ್ಲಿ ಮಕ್ಕಳಿಗೆ ತೋರಿಸಬೇಕಂತೆ. ಪಡಸಾಲೆಯ ಗೋಡೆಗೆ ಅಂಟಿಸಿ ಅವ್ವನನ್ನು ಕರೆದಳು.

"ಅವ್ವಾ, ಇದರಾಗ ಏನೇನೈತಿ ಹೇಳ ನೋಡೂನು."

ಕೆಂಪವ್ವ ಕೈ ಒರೆಸಿಕೊಳ್ಳುತ್ತ ಹತ್ತಿರ ಬಂದಳು. "ಏನೈತಿ? ಸಮುದ್ರದ ದಂಡಿ. ಒಂದು ದೋಣಿ ಡಬ್ಬ ಬಿದ್ದೈತಿ. ಬಲಿ ಒಣಗಹಾಕ್ಯಾರ. ಎರಡು ಕಲ್ಲು. ಆ ಕಡೆ ಒಬ್ಬಾಕಿ ಮುದುಕಿ ಕುಂತಾಳ. ಆಕಿಗೂ ನನ್ನಂಗ ಸೊಂಟಾ ನೋಯತಿರಬೇಕು."

"ಈಗ ಹಿಂದ ಸರಿ. ಅಡಗಿಮನಿ ಬಾಗಲಕ ಹೋಗಿ ಕಣ್ಣ ಸಣ್ಣ ಮಾಡಿ ನೋಡು."

ಕೆಂಪವ್ವ ಹಿಂದೆ ಸರಿದಳು. ದೋಣಿ, ಬಲೆ, ಕಲ್ಲು. ಮತ್ತೂ ದೋಣಿ, ಬಲೆ, ಕಲ್ಲು. ಇದ್ದಕ್ಕಿದ್ದಂತೆ ದೋಣಿ ಮೂಗಾಯಿತು. ಕಲ್ಲುಗಳು ಹುಬ್ಬಾದವು, ಬಲೆ ಗಡ್ಡವಾಯಿತು, ಕುಳಿತ ಮುದುಕಿ ಕಿವಿಯಾದಳು. ಒಬ್ಬ ಮುದುಕ ದಂಡೆಯ ತುಂಬ ಮಲಗಿದ್ದ. ಕೆಂಪವ್ವ ಬಾಗಿಲ ಚೌಕಟ್ಟು ಹಿಡಿದುಕೊಂಡಳು.

"ಸುಮಾರು ನೂರು ವರ್ಷದ ಹಿಂದ ಯುರೋಪಿನಾಗ ಕೆಲವು ಚಿತ್ರಕಾರರು ಹಿಂಗ ಬರೀತಿದ್ರು, ಅವ್ವಾ" ಎಂದಳು ಆಮ್ರಪಾಲಿ. "ಸರ್ರಿಯಲಿಸಂ ಅಂತಾರ ಅದಕ್ಕ. ಕನಸಿನಾಗ ಒಂದು ಇನ್ನೊಂದಾಗತೈತಲ್ಲ, ಹಂಗ. ಕಣ್ಣಿಗಿ ಎರಡೂ ಕಾಣತಾವು, ಆದರ ಒಮ್ಮೆಲೆ ಎರಡೂ ಕಾಣಂಗಿಲ್ಲ. ದೋಣಿ ನೋಡಿದ್ರ ಮುದುಕ ಇಲ್ಲ, ಮುದುಕನ್ನ ನೋಡಿದ್ರ ದೋಣಿ ಇಲ್ಲ."

ಕಟ್ಟೆಯ ಮೇಲಿದ್ದ ಉದ್ದಪ್ಪ ಕಿವಿಗೊಟ್ಟು ಕೇಳುತ್ತಿದ್ದ. ಕಣ್ಣು ಕಾಣದ ಅವನ ಮುಖ ಅರಳಿತು.

"ಅಂಥಾದ್ದ ಒಂದು ತವನಪ್ಪ ಸಾವ್ಕಾರ್ರು ಕೊಲ್ಲಾಪುರದ ಹಳೇ ಪ್ಯಾಟಿಯಿಂದ ತಂದಿದ್ರು" ಎಂದ. "ಹೊರದೇಶದ ಪುಸ್ತಕದಾಗಿನ ಹಾಳಿ. ಗ್ವಾಡಿ ಬಿರಿದ ಒಂದು ಹಾಳ ಮನಿ. ಇದರಾಗ ಕುದುರಿ ಐತಿ ಹುಡಕು ಅಂದ್ರು. ನನಗ ಎಷ್ಟ ದಿನಾ ಕಾಣಲಿಲ್ಲ. ಒಂದಿನ ಚಹಾ ಕುಡಿಯಾಕತ್ತಿದ್ನಿ, ಗ್ವಾಡ್ಯಾನ ಬಿರುಕ ಕುದುರಿ ಆತು. ಒಮ್ಮೆ ಕಂಡಮ್ಯಾಲೆ ಆ ಮನಿ ಮತ್ತ ಬರೀ ಮನಿ ಆಗಲೇ ಇಲ್ಲ. ಅವಾಗ ಸಾವ್ಕಾರ್ರು ಒಂದು ಮಾತ ಹೇಳಿದ್ರು. ಉದ್ದಪ್ಪಾ, ನೀ ಏನರ ಅಡಗಿಸಿದ್ರ ಬಾಯಿಲೆ ಹೇಳಬ್ಯಾಡ. ಹೇಳಿದ್ರ ಅದು ಅಂಗಡಿ ಬೋರ್ಡು, ಚಿತ್ರ ಅಲ್ಲ."

"ನೀನೂ ಬರದೀ ಏನಪ್ಪಾ ಅಂಥಾದ್ದು?" ಆಮ್ರಪಾಲಿ ಕೇಳಿದಳು.

"ಒಂದು ಬರದೀನಿ. ಕಾಡಿನ ಪಡದಾದಾಗ."

"ಯಾರನ್ನ?"

ಉದ್ದಪ್ಪ ಅಡಿಗೆಮನೆಯ ಕಡೆ ಮುಖ ತಿರುಗಿಸಿದ. "ನೋಡಿದವರಿಗೆ ಗೊತ್ತು" ಎಂದ. ಆ ದನಿಯಲ್ಲಿ ಸಣ್ಣದೊಂದು ಮುನಿಸಿತ್ತು. ಕೆಂಪವ್ವನಿಗೆ ಕೇಳಿಸಿದ್ದು ಆ ಮಾತು ಮಾತ್ರ, ಮುನಿಸು ಕೇಳಿಸಲಿಲ್ಲ. ಕೈಯಲ್ಲಿದ್ದ ಸವಟು ಸದ್ದು ಮಾಡುತ್ತ ಬೋಗುಣಿಗೆ ಬಿತ್ತು.

ಅದೇ ದಿನ ಸಂಜೆ ತವನಪ್ಪನವರ ಮೊಮ್ಮಗ ಗೊಮ್ಮಟೇಶನ ಫೋನು ಬಂತು. ಗೋದಾಮು ಖಾಲಿ ಮಾಡಿ ಹೊಸದು ಕಟ್ಟಿಸುತ್ತಿದ್ದಾನಂತೆ. ಹಳೆಯ ಪರದೆಗಳನ್ನು ಬೆಲ್ಲದ ಬಾಗೇವಾಡಿಯ ಗಾಣದವರು ಕೇಳಿದ್ದಾರೆ, ಕಬ್ಬಿನ ಸಿಪ್ಪೆಯ ಬಣವೆ ಮುಚ್ಚಲು. ನಾಳೆ ಗಾಡಿ ಬರುತ್ತದೆ. ಕಾಕಾಗೆ ಒಂದು ಮಾತು ತಿಳಿಸದೆ ಕಳಿಸಲು ಮನಸ್ಸು ಬರಲಿಲ್ಲ, ಅದಕ್ಕೇ ಫೋನು ಮಾಡಿದೆ ಎಂದ.

ಅಂಟಿನ ಬಣ್ಣ ಒಂದು ಮಳೆಯನ್ನೂ ತಡೆಯುವುದಿಲ್ಲ. ಉದ್ದಪ್ಪ ಫೋನು ಮಗಳ ಕೈಗೆ ಕೊಟ್ಟು ಮತ್ತೆ ನೆಲದ ಮೇಲೆ ಬೆರಳಾಡಿಸತೊಡಗಿದ. ಒಳಗೆ ಕೆಂಪವ್ವ ಲೆಕ್ಕ ಹಾಕಿದಳು. ಈ ಪರದೆ ಹೋದರೆ ಆಕೆಯೂ ಹೋದಳು. ಯಾರೆಂದು ಇನ್ನು ಎಂದೂ ಗೊತ್ತಾಗುವುದಿಲ್ಲ. ಬರೆದವನ ಕಣ್ಣು ಹೋಗಿದೆ, ಕಾಶೆವ್ವ ಇಲ್ಲ, ನೋಡಿದ ಜನ ಮಣ್ಣಾಗಿದ್ದಾರೆ. ಗೊತ್ತಿಲ್ಲದ ಒಬ್ಬ ಹೆಂಗಸಿನ ಮೇಲಿನ ಸಿಟ್ಟನ್ನು ಎದೆಯಲ್ಲಿಟ್ಟುಕೊಂಡೇ ಸಾಯಬೇಕಲ್ಲ ಅನ್ನಿಸಿತು. ಮರ್ಯಾದೆ ಹಾಳಾಗಿ ಹೋಗಲಿ.

"ನಾಳೆ ಮುಂಜಾನೆ ಮೂಡಲಗಿಗೆ ಹೋಗೂನು" ಎಂದಳು. "ಮೂರೂ ಮಂದಿ."

ಬಸ್ಸು ಕಲ್ಲೋಳಿಯಲ್ಲಿ ನಿಂತಾಗ ಉದ್ದಪ್ಪ "ಇಲ್ಲೇ ಅಲಾ ನಾಯಿ ಮೂಗ ಬಡಸ್ಕೊಂಡಿದ್ದು" ಎಂದು ನಕ್ಕ. ಕೆಂಪವ್ವ ನಗಲಿಲ್ಲ. ಕಿಟಕಿಯ ಕಡೆ ಮುಖ ಮಾಡಿ ಕುಳಿತಿದ್ದಳು.

ಗೋದಾಮಿನ ಬಾಗಿಲಲ್ಲಿ ಗೊಮ್ಮಟೇಶ ನಿಂತಿದ್ದ. "ಬರ್ರಿ ಕಾಕಾ, ಬರ್ರಿ ಕಾಕೂ" ಎಂದು ಉದ್ದಪ್ಪನ ಕೈಹಿಡಿದು ಒಳಗೆ ಕರೆದೊಯ್ದ. ಬಾಡಿಗೆಗೆ ಒಯ್ಯುವವರಿಗೆ ತೋರಿಸಲೆಂದು ತವನಪ್ಪನವರು ಎತ್ತರದ ತೊಲೆಗೆ ರಾಟೆ ಹಾಕಿಸಿದ್ದರು. ಅದು ಈಗಲೂ ಇತ್ತು. ಗೊಮ್ಮಟೇಶ ಮತ್ತು ಇಬ್ಬರು ಆಳುಗಳು ಸೇರಿ ಕಾಡಿನ ಪರದೆಯನ್ನು ಹುಡುಕಿ, ಹೊಸ ಹಗ್ಗ ಪೋಣಿಸಿ ತೂಗುಹಾಕಿದರು. ಧೂಳು ಎದ್ದಿತು. ಅದರ ಹಿಂದೆಯೇ ಅಂಟಿನ ಹಳೆಯ ವಾಸನೆ ಬಂತು. ಒಂದು ಮೂಲೆಗೆ ಇಲಿ ಕಡಿದಿದೆ, ಒಂದು ಜಿಂಕೆಯ ತಲೆ ಅಳಿಸಿದೆ. ಉಳಿದ ಕಾಡು ಹಾಗೇ ಇದೆ. ಕೆಂಪವ್ವ ತಾನು ಹೊಲಿದ ಹೊಲಿಗೆಗಳನ್ನು ಕಣ್ಣಿನಿಂದಲೇ ಸವರಿದಳು. ಅರಿವಿಲ್ಲದೆಯೇ ಪಕ್ಕಕ್ಕೆ ಸರಿದು ಹಗ್ಗ ಹಿಡಿದಳು. ಹಿಡಿದ ಮೇಲೆ ತಾನು ಬಂದದ್ದು ಯಾತಕ್ಕೆ ಎಂದು ನೆನಪಾಯಿತು. ಬಾಯಿಂದ ಮಾತು ತಾನೇ ಹೊರಬಿತ್ತು.

"ಈ ಹಗ್ಗಾ ಯಾರರ ಹಿಡೀರೆಪಾ. ಆಕಿ ಯಾರಂತ ಇವತ್ತರ ನೋಡತೇನಿ."

ಉದ್ದಪ್ಪ ತಟ್ಟನೆ ತಲೆ ಎತ್ತಿದ. "ಇವತ್ತರ ಅಂದ್ರ? ನೀ ನೋಡಿಲ್ಲೇನ?"

"ಯಾವಾಗ ನೋಡಲಿ? ಹಗ್ಗಾ ಯಾರ ಕೈಯಾಗಿತ್ರಿ?"

ಉದ್ದಪ್ಪ ದನಿ ಬಂದ ಕಡೆಗೆ ಮುಖ ತಿರುಗಿಸಿದ. ಬೀದಿಯನ್ನು ಬಟ್ಟೆಯೊಳಗೆ ಮೈಲುಗಟ್ಟಲೆ ಓಡಿಸಿದ ಮನುಷ್ಯ, ನಾಯಿಯ ಕಣ್ಣಿಗೂ ಮೋಸ ಮಾಡಿದವನು. ಹಗ್ಗ ಹಿಡಿದವಳಿಗೆ ಪರದೆಯ ಮುಂಭಾಗ ಕಾಣುವುದಿಲ್ಲ ಎಂಬ ಎಳೆಮಗುವಿನ ಮಾತು ಅವನಿಗೆ ಇಷ್ಟು ವರ್ಷ ಹೊಳೆದಿರಲಿಲ್ಲ.

"ನಾ ತಿಳಕೊಂಡಿದ್ನಿ, ನೀ ನೋಡೀದಿ ಅಂತ" ಎಂದ ಮೆಲ್ಲಗೆ. "ನೋಡಿನೂ ಒಂದ ಮಾತ ಆಡಲಿಲ್ಲ ಇಕಿ ಅಂತ. ಒಮ್ಮೊಮ್ಮೆ ಬೇಕಂತ ಅರ್ಧಕ್ಕ ನಿಂದರಸ್ತಿರಲಿಲ್ಲ ನೀ. ಮನಸಿಗಿ ಬಂದಿಲ್ಲ ಇಕಿಗಿ, ಹೋಗಲಿ ಬಿಡು ಅಂತ ಸುಮ್ಮಕಾದ್ನಿ."

ಅವನು ಗೋಡೆ ಸವರುತ್ತ ಬಂದು, ಹೆಂಡತಿಯ ಕೈಯನ್ನು ಹುಡುಕಿ, ಅದರಿಂದ ಹಗ್ಗ ಬಿಡಿಸಿಕೊಂಡ.

"ಕೊಡ ಇಲ್ಲೆ. ನೀ ಮುಂದ ಹೋಗಿ ಬಾಗಲಕ ನಿಂದ್ರು. ದೂರ ನಿಂದ್ರು."

"ನಿಮಗ ಕಾಣಂಗಿಲ್ಲ, ಅರ್ಧ ಆತಂತ ಹೆಂಗ ತಿಳೀತೈತ್ರಿ?"

"ನನ್ನ ಪಡದಾ ನನಗ ತಿಳಿಯಂಗಿಲ್ಲೇನ? ಹೋಗ."

ಕೆಂಪವ್ವ ಬಾಗಿಲವರೆಗೆ ಹೋಗಿ ತಿರುಗಿ ನಿಂತಳು. ಆಮ್ರಪಾಲಿ ಪಕ್ಕದಲ್ಲಿ ಬಂದು ನಿಂತಳು. ಉದ್ದಪ್ಪ ಎಳೆದ. ಬಿದಿರು ಕಿರುಗುಟ್ಟುತ್ತ ಉರುಳಿತು. ಜಿಂಕೆಗಳು ಸುತ್ತಿಕೊಂಡವು, ಹಳ್ಳ ಸುತ್ತಿಕೊಂಡಿತು. ಕಣ್ಣನ್ನು ಕೆಳಗೆ ಎಳೆದಿಟ್ಟಿದ್ದ ಆ ನೀರಿನ ಹೊಳಪು ಹೋಯಿತು. ಹಗ್ಗ ನಿಂತಿತು.

ಮೊದಲು ಕಂಡದ್ದು ಬಿಳಲು, ಬೊಡ್ಡೆ, ಎಲೆ. ಕೆಂಪವ್ವ ನಿನ್ನೆ ಮಗಳು ಹೇಳಿದ ಹಾಗೆ ಕಣ್ಣು ಸಣ್ಣ ಮಾಡಿದಳು. ಆಗ ಆಲದ ಬೊಡ್ಡೆ ಒಂದು ಬೆನ್ನಾಯಿತು. ಕಪ್ಪು ಎಲೆಗಳ ಗುಂಪು ತುರುಬಾಯಿತು. ಸಂಜೆಯ ಕೆಂಪು ಸೀರೆಯ ಸೆರಗಾಗಿ ಸೊಂಟಕ್ಕೆ ಸಿಕ್ಕಿಸಿಕೊಂಡಿತು. ಎರಡು ಕೊಂಬೆಗಳು ಮೇಲೆತ್ತಿದ ಕೈಗಳಾದವು, ಆ ಕೈಗಳ ನಡುವೆ ಜೋತುಬಿದ್ದ ಬಿಳಲು ಹಗ್ಗವಾಯಿತು. ಸುತ್ತಿಕೊಂಡ ಬಿದಿರು ಆಕೆ ನಿಂತ ನೆಲವಾಯಿತು. ಒಬ್ಬ ಹೆಂಗಸು ಬೆನ್ನು ಮಾಡಿ ಹಗ್ಗ ಎಳೆಯುತ್ತಿದ್ದಳು. ಎತ್ತರದವಳಲ್ಲ, ಕುಳ್ಳಿ. ತುದಿಗಾಲಲ್ಲಿ ನಿಂತಿದ್ದಳು. ಎಡಗೈ ಮೇಲಿತ್ತು.

ಆಮ್ರಪಾಲಿ ಅವ್ವನ ಮುಖ ನೋಡಿದಳು, ಮತ್ತೆ ಪರದೆ ನೋಡಿದಳು, ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. ಹೊರಗೆ ಬಾಗೇವಾಡಿಯ ಗಾಡಿ ಬಂದು ಹಾರ್ನ್ ಹೊಡೆಯಿತು. ಗೊಮ್ಮಟೇಶ ಹೊರಗೆ ಹೋಗಿ "ಇದೊಂದು ಬಿಟ್ಟು ಉಳಿದವು ಒಯ್ರಿ" ಎಂದದ್ದು ಕೇಳಿಸಿತು.

ಕೆಂಪವ್ವನಿಗೆ ಇಷ್ಟು ವರ್ಷಗಳ ಚಪ್ಪಾಳೆಗಳೆಲ್ಲ ಒಮ್ಮೆಲೆ ಕಿವಿಗೆ ಬಿದ್ದಂತಾಯಿತು. ಗೋಕಾಕದ್ದು, ಹುಕ್ಕೇರಿಯದ್ದು, ಹೆಸರು ಮರೆತ ಊರುಗಳದ್ದು. ಒಂದೇ ಎಳೆತಕ್ಕೆ ಪರದೆ ಏರಿಸಿದ ಆ ದಿನಗಳೂ ನೆನಪಾದವು. ಕಾಶೆವ್ವ ಕೊಟ್ಟ ಬಳೆಗಳು ಪೆಟ್ಟಿಗೆಯ ತಳದಲ್ಲಿರುವುದೂ ನೆನಪಾಯಿತು. ಅಳು ಬಂತು. ಬರಲಿ ಎಂದು ಬಿಟ್ಟಳು.

"ಕಂಡಳೇನ?" ಉದ್ದಪ್ಪ ಕತ್ತಲ ಮೂಲೆಯಿಂದ ಕೇಳಿದ.

"ಹಿಮ್ಮಡಾ ಯಾಕ ಎತ್ತಿಸೀರಿ?"

"ನೀ ಕುಳ್ಳಿ ಅದಿ, ಅದಕ್ಕ. ಗೋಕಾಕದಾಗ ಹಂಗ ನಿಂತಿದ್ದಿ."

ಕೆಂಪವ್ವ ನೋಡುತ್ತಲೇ ಇದ್ದಳು. ಪರದೆ ಸಣ್ಣಗೆ ನಡುಗಿತು, ಪರದೆಯೊಳಗಿನಾಕೆಯೂ ನಡುಗಿದಳು.

"ಕೆಂಪೀ, ಬಿಡಲೇನ? ಕೈ ನೋಯಾಕತ್ತಾವ."

"ಇಷ್ಟ ವರ್ಷ ನನ್ನ ಕೈ ನೋಯಲಿಲ್ಲೇನ್ರಿ?" ಎಂದಳು ಕೆಂಪವ್ವ ಕಣ್ಣೊರೆಸಿಕೊಳ್ಳುತ್ತ. "ಹಿಡೀರಿ ಇನ್ನೊಂದೀಟು."

ಉದ್ದಪ್ಪ ಹಗ್ಗವನ್ನು ಮುಂಗೈಗೆ ಸುತ್ತಿಕೊಂಡು, ಕಾಲು ಅಗಲಿಸಿ ಗಟ್ಟಿಯಾಗಿ ನಿಂತ.